ಮನವಿ ಮುತ್ಯಾ

ಆಳಂದ, ಅಫಜಲಪುರ, ಜೇವರ್ಗಿ: ಯಾವ ತಹಸೀಲ್ ಕಚೇರಿಗೆ ಹೋದರೂ ಬೇವಿನ ಗಿಡದ ಬುಡದಲ್ಲಿ ಒಬ್ಬ ಮನವಿ ಮುತ್ಯಾ ಸಿಗುತ್ತಾನೆ. ಹೆಗಲ ಮೇಲೆ ಹಸಿರು ಶಾಲು, ಚೀಲದಲ್ಲಿ ಕೆಂಪು ಶಾಲು. 'ಮುಂಜಾನಿ ರೈತರ ಧರಣಿ, ಮಧ್ಯಾಹ್ನ ಅಂಗನವಾಡಿ ಅಕ್ಕಗೋಳ್ದು. ಹೊಟ್ಟಿ ಎಲ್ಲಾರ್ದೂ ಒಂದೇ ಅಲ್ರೀ?'

ಅವನ ಪತ್ರ ಹೊರಡುವುದು ಸನ್ಮಾನ್ಯ ಮುಖ್ಯಮಂತ್ರಿಗಳಿಗೆ, 'ಮೂಲಕ: ತಹಸೀಲ್ದಾರರು'. ಸಾಹೇಬರು ಮೀಟಿಂಗಿನಲ್ಲಿದ್ದರೆ ಶಿರಸ್ತೇದಾರರು. ಇಬ್ಬರೂ ಕಾಗದದ ಒಂದೊಂದು ತುದಿ ಹಿಡಿದು ಮೊಬೈಲಿನತ್ತ ಮುಖ ಮಾಡುತ್ತಾರೆ. ಫೋಟೊ ಆಗುವ ತನಕ ಇಬ್ಬರೂ ಬಿಡುವುದಿಲ್ಲ. ಆದ ಕೂಡಲೇ ಇಬ್ಬರೂ ಬಿಡುತ್ತಾರೆ, ಪತ್ರ ನೆಲಕ್ಕೆ ಬೀಳುತ್ತದೆ. ಮುತ್ಯಾನೇ ಬಗ್ಗಿ ಎತ್ತಿ, ಧೂಳು ಜಾಡಿಸಿ, ತನ್ನ ಝೆರಾಕ್ಸ್ ಪ್ರತಿಗೆ 'ಸ್ವೀಕೃತಿ' ಸಿಕ್ಕಾ ಹೊಡೆಸಿಕೊಳ್ಳುತ್ತಾನೆ. ಕೊನೆಯ ಸಾಲು ಯಾವಾಗಲೂ 'ಇಲ್ಲದಿದ್ದರೆ ಉಗ್ರ ಹೋರಾಟ'. ಹಾಗಾದರೆ ಇವತ್ತಿನದು? 'ಇದು ಟ್ರಯಲ್.'

ಅಂಕಿಸಂಖ್ಯೆ ಬಾಯಿಪಾಠ. 2002ರಲ್ಲಿ ನಂಜುಂಡಪ್ಪ ಸಮಿತಿ 39 ತಾಲೂಕುಗಳನ್ನು ಅತ್ಯಂತ ಹಿಂದುಳಿದವು ಎಂದಿತಲ್ಲ, ಅದರಲ್ಲಿ ಈ ಮೂರೂ ಇವೆ ಎಂಬುದನ್ನು ಮೊಮ್ಮಗ ರ‍್ಯಾಂಕ್ ಬಂದವನ ಧಾಟಿಯಲ್ಲಿ ಹೇಳುತ್ತಾನೆ. 371(ಜೆ) ಎಂದರೆ ಸಾಕು, ಖಾಲಿ ಹುದ್ದೆಗಳ ಲೆಕ್ಕ ಶುರು, ಚಹಾ ಆರಿಹೋಗುತ್ತದೆ. 2019ರಲ್ಲಿ ನಮ್ಮ ತೊಗರಿಬೇಳೆಗೆ ಜಿಐ ಟ್ಯಾಗ್ ಸಿಕ್ಕಿತು. 'ಬ್ಯಾಳಿಗಿ ಹೆಸರು ಬಂತು, ಬೆಳದಾಂವಗ ರೇಟು ಬರ್ಲಿಲ್ಲ' ಎಂದ. 2025-26ರ ಬೆಂಬಲ ಬೆಲೆ ಕ್ವಿಂಟಲಿಗೆ 8,000 ರೂಪಾಯಿ ಎಂದು ನೆನಪಿಸಿದರೆ, 'ಅದು ಪೇಪರಿನ್ಯಾಗಿಂದು. ಅಡತಿಯವ ಪೇಪರ್ ಓದಂಗಿಲ್ಲ.'

ನಕ್ಕುಬಿಡುವುದು ಸುಲಭ. ಆದರೆ 2022ರಲ್ಲಿ ನೆಟೆ ರೋಗ ಬಿದ್ದು ತೊಗರಿ ನಿಂತಲ್ಲೇ ಒಣಗಿದಾಗ, ಸರ್ಕಾರ ಹೆಕ್ಟೇರಿಗೆ 10 ಸಾವಿರ ರೂಪಾಯಿ ಪರಿಹಾರ ಘೋಷಿಸುವ ತನಕ ರಸ್ತೆಗಿಳಿದು ಕೂತವರಲ್ಲಿ ಇಂಥ ಮುತ್ಯಾಗಳಿದ್ದರು. ನಾವು ಫೋಟೊಕ್ಕೆ ಲೈಕ್ ಒತ್ತಿದೆವು.

ಇತ್ತೀಚೆಗೆ ಅವನ ಹೊಲಕ್ಕೂ ಬೆಳೆ ಸಮೀಕ್ಷೆಯ ಹುಡುಗ ಬಂದಿದ್ದನಂತೆ. ಮುತ್ಯಾ ಧರಣಿಯಲ್ಲಿದ್ದ. ಹುಡುಗ ಬದುವಿನ ಮೇಲೆ ನಿಂತು ಪಕ್ಕದ ಪಡ ಹೊಲದ ಫೋಟೊ ಹೊಡೆದು ಹೋದ. ಮೊಣಕಾಲೆತ್ತರದ ತೊಗರಿ ಆ್ಯಪಿನಲ್ಲಿ 'ಬೀಳು' ಆಯಿತು. ಮುತ್ಯಾ ಎದೆಗುಂದಲಿಲ್ಲ. ಮುಂದಿನ ಮನವಿಯಲ್ಲಿ ಭೀಮಾ ನೀರು, ಉದ್ಯೋಗ ಖಾತ್ರಿ ಕೂಲಿ ಬಾಕಿ, ಎಲ್ಲ ಮುಗಿದ ಮೇಲೆ ಕಟ್ಟಕಡೆಗೆ ತನ್ನ ಸರ್ವೆ ನಂಬರು ಸೇರಿಸಿದ.

ಶಿರಸ್ತೇದಾರರು ಕನ್ನಡಕ ಏರಿಸಿ, 'ಮುತ್ಯಾ, ಇದು ವೈಯಕ್ತಿಕ ಆತು. ಬ್ಯಾರೆ ಅರ್ಜಿ ಬರೀರಿ' ಎಂದರು.

'ಬರೀತೀನ್ರಿ. ಉಗ್ರ ಹೋರಾಟ ಹಾಕಲ್ಯಾ, ಬ್ಯಾಡಾ?'