ಅಮೆರಿಕದಲ್ಲಿ ರಾಮನಾಥಪುರ

2025ರ ಮಾರ್ಚ್ ತಿಂಗಳ ಒಂದು ಬೆಳಿಗ್ಗೆ ಅಮೆರಿಕದ ವಿಶ್ವವಿದ್ಯಾಲಯವೊಂದು ನಮ್ಮ ಇಡೀ ಊರಿಗೆ ಎಂ.ಎಸ್. ಸೀಟು ಕೊಟ್ಟಿತು. ‘ಪ್ರಿಯ ರಾಮನಾಥಪುರ, ಅಭಿನಂದನೆಗಳು’ ಎಂದೇ ಪತ್ರ ಶುರುವಾಗಿತ್ತು. ಮಗಳು ಮೊಬೈಲಿನಲ್ಲಿ ಇಂಗ್ಲಿಷಿನಲ್ಲಿ ಓದಿದ್ದನ್ನು ನಾನು ಕನ್ನಡಕ್ಕೆ ತಂದು, ಜಗಲಿಯಲ್ಲಿ ಅಕ್ಕಿ ಆರಿಸುತ್ತಿದ್ದ ಅಮ್ಮನಿಗೆ ಹೇಳಿದೆ. ಅಮ್ಮ ಮೊರ ಕೆಳಗಿಟ್ಟರು.

“ಊರಿಗೂರೇ ಬನ್ನಿ ಅಂದ್ರೇನೋ? ಹಂಗಾದ್ರೆ ಇಲ್ಲಿ ಮೀನಿಗೆ ಪುರಿ ಹಾಕೋರು ಯಾರು?”

ಅಮ್ಮನ ಚಿಂತೆ ಸುಳ್ಳಲ್ಲ. ನಮ್ಮೂರಿನ ಕಾವೇರಿಯಲ್ಲಿ, ರಾಮೇಶ್ವರನ ಗುಡಿಯ ಕೆಳಗಿನ ವಹ್ನಿಪುಷ್ಕರಿಣಿಯಲ್ಲಿ, ತಲೆಮಾರುಗಳಿಂದ ದೇವರ ಮೀನುಗಳಿವೆ. ಅವನ್ನು ಯಾರೂ ಹಿಡಿಯುವಂತಿಲ್ಲ. ಬಂದವರೆಲ್ಲ ಪುರಿ ಹಾಕಬೇಕು, ಅವು ಬಾಯಿ ತೆರೆದು ತಿನ್ನಬೇಕು. ಇಷ್ಟು ಸುಖ ಇರುವಲ್ಲಿಂದ ಯಾವ ಮೀನೂ ಎಂ.ಎಸ್. ಮಾಡಲು ಹೋದದ್ದಿಲ್ಲ.

ಊರಿಗೆ ಸೀಟು ಸಿಕ್ಕಿದ್ದು ಇನಿಷಿಯಲ್ಲಿನಿಂದ. ಹಾಸನ ಜಿಲ್ಲೆಯವರು ಊರು ಬಿಟ್ಟಾರು, ಊರಿನ ಅಕ್ಷರ ಬಿಡರು. ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರ, ಎಸ್.ಎಲ್. ಭೈರಪ್ಪನವರ ‘ಎಸ್’ ಆಗಿ ಪುಸ್ತಕದಂಗಡಿಗಳನ್ನೆಲ್ಲ ಸುತ್ತಿತು. ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿ, ಎಚ್.ಡಿ. ದೇವೇಗೌಡರ ‘ಎಚ್’ ಆಗಿ 1996ರಲ್ಲಿ ಪ್ರಧಾನಿಯ ಕುರ್ಚಿಯಲ್ಲೇ ಕೂತಿತು. ನಮ್ಮ ಅರಕಲಗೂಡು ಅ.ನ.ಕೃ. ಅವರ ‘ಅ’ದೊಳಗೆ ಹೊಕ್ಕು ಕಾದಂಬರಿ ಬರೆಯಿತು, ಪಕ್ಕದ ರುದ್ರಪಟ್ಟಣ ಆರ್.ಕೆ. ಶ್ರೀಕಂಠನ್ ಅವರ ‘ಆರ್’ ಆಗಿ ಕಛೇರಿ ಹಾಡಿತು. ಗೊರೂರು ರಾಮಸ್ವಾಮಿ ಅಯ್ಯಂಗಾರರಂತೂ ಊರನ್ನು ಒಂದಕ್ಷರಕ್ಕೆ ಇಳಿಸಲೂ ಒಪ್ಪದೆ ಪೂರ್ತಿ ಹೊತ್ತುಕೊಂಡೇ ಹೊರಟರು. ಅವರ ‘ಅಮೆರಿಕದಲ್ಲಿ ಗೊರೂರು’ ಪುಸ್ತಕಕ್ಕೆ 1980ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಾಗ, ಅಮೆರಿಕಕ್ಕೆ ಹೋದದ್ದು ಊರೋ ಮನುಷ್ಯರೋ ಎಂದು ಯಾರೂ ಕೇಳಲಿಲ್ಲ.

ಮಗಳ ಹೆಸರಿನ ಮುಂದೂ ಎರಡು ಅಕ್ಷರ: ಆರ್, ಎನ್. ಆರ್ ಅಂದರೆ ರಾಮನಾಥಪುರ. ಎನ್ ಅಂದರೆ ನಾನು. ಶಾಲೆಯ ದಾಖಲೆಯಲ್ಲಿ ಈ ಎರಡು ಚುಕ್ಕಿಯ ಅಕ್ಷರಗಳು ಬಾಗಿಲ ಬಳಿ ಚಪ್ಪಲಿ ಬಿಟ್ಟ ಹಾಗೆ ತೆಪ್ಪಗಿದ್ದವು. ಪಾಸ್‌ಪೋರ್ಟಿಗೆ ಮಾತ್ರ ಇನಿಷಿಯಲ್ ನಡೆಯುವುದಿಲ್ಲ, ಬಿಡಿಸಿ ಬರೆಯಬೇಕು. ಬಸ್‌ಸ್ಟ್ಯಾಂಡ್ ಹತ್ತಿರದ ಕಂಪ್ಯೂಟರ್ ಸೆಂಟರಿನ ಹುಡುಗ ಪ್ರಾಮಾಣಿಕ. ಅಕ್ಷರಗಳು ನಿಂತ ಸಾಲಿನಲ್ಲೇ ಬಿಡಿಸಿದ. ಮೊದಲ ಹೆಸರಿನ ಜಾಗದಲ್ಲಿ ಊರು ಕೂತಿತು, ಅದರ ಬೆನ್ನಿಗೆ ನಾನು. ನಾಮಕರಣದಲ್ಲಿ ಅಕ್ಕಿಯ ಮೇಲೆ ಉಂಗುರದಿಂದ ಬರೆದು ಇಟ್ಟ ಹೆಸರು ಹೋಗಿ ಕಟ್ಟಕಡೆಯ ಸರ್‌ನೇಮ್ ಆಯಿತು. “ಎಲ್ಲಾ ಕರೆಕ್ಟಾಗಿದೆ ಮೇಷ್ಟ್ರೇ, ಒಂದು ಸ್ಪೆಲ್ಲಿಂಗೂ ತಪ್ಪಿಲ್ಲ” ಎಂದ. ನಿಜ, ತಪ್ಪಿರಲಿಲ್ಲ. ನಾನೇ ಕಲಿಸಿದ ಹುಡುಗ.

ಅಲ್ಲಿಂದ ಶುರುವಾಯಿತು ವೀಸಾ. ವಿದ್ಯಾರ್ಥಿಗಳದ್ದು ಎಫ್-1 ಎಂಬ ಜಾತಿ. ಅದಕ್ಕೆ ಮೊದಲು ಕಾಲೇಜಿನಿಂದ ಐ-20 ಎಂಬ ಕಾಗದ ಬರಬೇಕು, ಆಮೇಲೆ ಡಿಎಸ್-160 ಎಂಬ ಅರ್ಜಿ ತುಂಬಬೇಕು. ಇಪ್ಪತ್ತು ನಿಮಿಷ ಕೈ ಆಡಿಸದಿದ್ದರೆ ಆ ಅರ್ಜಿ ಮುನಿಸಿಕೊಂಡು ಮುಚ್ಚಿಕೊಳ್ಳುತ್ತದೆ. ನಮ್ಮೂರಿನ ಕರೆಂಟಿಗೆ ಅಷ್ಟು ಕೂಡ ತಾಳ್ಮೆಯಿಲ್ಲ. ಹೀಗಾಗಿ ನಮ್ಮ ಮನೆಯಲ್ಲಿ ಒಂದೇ ಅರ್ಜಿಯನ್ನು ನಾಲ್ಕು ಸಂಜೆ ತುಂಬಲಾಯಿತು. ‘ನೀವು ಯಾವುದಾದರೂ ಕುಲ ಅಥವಾ ಬುಡಕಟ್ಟಿಗೆ ಸೇರಿದವರೇ?’ ಎಂಬ ಪ್ರಶ್ನೆಯನ್ನು ಮಗಳು ಜೋರಾಗಿ ಓದಿದಳು. ನಾವು ಬಾಯಿ ತೆರೆಯುವ ಮೊದಲೇ ಅಡುಗೆಮನೆಯಿಂದ ಅಮ್ಮ ಗೋತ್ರ, ಪ್ರವರ, ಸೂತ್ರ ಎಲ್ಲ ಒಪ್ಪಿಸಿ, “ಬರ್ಕೊಂಡ್ಯಾ?” ಎಂದರು. ಅಮೆರಿಕದವರು ಸಂಬಂಧ ಕೇಳುತ್ತಿದ್ದಾರೆಂದೇ ಅವರ ಭಾವನೆ.

ಫೋಟೋ ಎರಡಿಂಚು ಉದ್ದ, ಎರಡಿಂಚು ಅಗಲ, ಬಿಳಿ ಹಿನ್ನೆಲೆ. 2016ರ ನವೆಂಬರಿನಿಂದ ಕನ್ನಡಕ ಕೂಡದು. ನಗಬಾರದು. ಮೂವತ್ತು ವರ್ಷದಿಂದ ಊರಿನ ಮದುಮಕ್ಕಳಿಗೆಲ್ಲ “ಸ್ವಲ್ಪ ನಗಿ, ಸ್ವಲ್ಪ ನಗಿ” ಎಂದು ಗಂಟಲು ಹರಿದುಕೊಂಡ ಸ್ಟುಡಿಯೋದವನಿಗೆ ಇದು ಧರ್ಮಸಂಕಟ. ಕನ್ನಡಕ ತೆಗೆದ ಮಗಳಿಗೆ ಕ್ಯಾಮೆರಾ ಎಲ್ಲಿದೆ ಎಂದೇ ಕಾಣುತ್ತಿರಲಿಲ್ಲ. ಕೊನೆಗೆ ಬಂದ ಚಿತ್ರದಲ್ಲಿ ಅವಳು ಕಳವಿನ ಕೇಸಿನಲ್ಲಿ ಠಾಣೆಗೆ ಬಂದವಳಂತಿದ್ದಳು. “ಇದು ಪಾಸಾಗುತ್ತೆ” ಎಂದ ಅವನು, ನಿಟ್ಟುಸಿರು ಬಿಟ್ಟು.

ಆಗ ಶುಲ್ಕ ಎರಡು ಬಗೆ: ವಿದ್ಯಾರ್ಥಿಗಳ ದಾಖಲಾತಿಗೆ ಸೆವಿಸ್ ಎಂದು 350 ಡಾಲರ್, ವೀಸಾ ಅರ್ಜಿಗೆ 185 ಡಾಲರ್. ರೂಪಾಯಿಗೆ ತಿರುಗಿಸಿದರೆ ಹೆಚ್ಚುಕಡಿಮೆ 46 ಸಾವಿರ. ವೀಸಾ ಸಿಗಲಿ ಬಿಡಲಿ, ಕಟ್ಟಿದ ದುಡ್ಡು ಬರುವುದಿಲ್ಲ. ಅಷ್ಟು ಕಟ್ಟಿದ ಮೇಲೆ ಆ ವರ್ಷದ ಮೇ ಕೊನೆಯಲ್ಲಿ ವಿದ್ಯಾರ್ಥಿಗಳಿಗೆ ಹೊಸದಾಗಿ ಸಂದರ್ಶನದ ದಿನ ಕೊಡುವುದನ್ನೇ ನಿಲ್ಲಿಸಿಬಿಟ್ಟರು. ಜೂನ್ ನಡುವಿನಲ್ಲಿ ಮತ್ತೆ ಶುರು ಮಾಡಿದಾಗ ಹೊಸ ಷರತ್ತು: ಅರ್ಜಿದಾರರು ತಮ್ಮ ಸಾಮಾಜಿಕ ಜಾಲತಾಣದ ಖಾತೆಗಳನ್ನು ಎಲ್ಲರಿಗೂ ಕಾಣುವ ಹಾಗೆ ತೆರೆದಿಡಬೇಕು. ಐದು ವರ್ಷದಿಂದ ಅಪ್ಪನಿಗೆ ತೋರಿಸದೆ ಬಚ್ಚಿಟ್ಟ ಇನ್‌ಸ್ಟಾಗ್ರಾಮನ್ನು ಮಗಳು ಅಮೆರಿಕ ಸರ್ಕಾರಕ್ಕಾಗಿ ತೆರೆದಳು. ನಾನೂ ಆ ಸಂದಿನಲ್ಲಿ ನುಗ್ಗಿ ನೋಡಿದೆ. ಅದರಲ್ಲಿ ಮುಕ್ಕಾಲು ಪಾಲು ಹೊಳೆದಂಡೆಯ ಮೀನು, ಉಳಿದದ್ದು ನಾನು ಜಗಲಿಯಲ್ಲಿ ಬಾಯಿ ತೆರೆದು ನಿದ್ದೆ ಹೊಡೆಯುತ್ತಿರುವ ಚಿತ್ರ. ಎರಡಕ್ಕೂ ಒಂದೇ ಶೀರ್ಷಿಕೆ.

ಇನ್ನು ದುಡ್ಡಿನ ಮಾತು. ಸಾಲ ಏಳೂವರೆ ಲಕ್ಷ ದಾಟಿದರೆ ಬ್ಯಾಂಕಿಗೆ ಆಧಾರ ಬೇಕು. ನಾನು ಗತ್ತಿನಿಂದ ನಮ್ಮ 2 ಎಕರೆ 14 ಗುಂಟೆಯ ಪಹಣಿ ಮುಂದಿಟ್ಟೆ. ಹೊಗೆಸೊಪ್ಪಿನ ಜಮೀನು, ಸೊಪ್ಪು ಹದ ಮಾಡುವ ಬ್ಯಾರನ್ ಬೇರೆ ಇದೆ. ತಂಬಾಕು ಮಂಡಳಿಯ ಹರಾಜು ಮಾರುಕಟ್ಟೆ ನಮ್ಮೂರಲ್ಲೇ ಇದೆ. ಮ್ಯಾನೇಜರ್ ಪಹಣಿಯನ್ನು ಮುಟ್ಟದೆ ಪಕ್ಕಕ್ಕೆ ಸರಿಸಿದರು. ಸಾಲ ತೀರದಿದ್ದರೆ ಕೋರ್ಟಿಗೆ ಹೋಗದೆಯೇ ಆಸ್ತಿಯನ್ನು ವಶಕ್ಕೆ ತೆಗೆದುಕೊಳ್ಳುವ 2002ರ ಸರ್ಫೇಸಿ ಕಾಯ್ದೆ ಇದೆಯಲ್ಲ, ಅದು ಸಾಗುವಳಿ ಜಮೀನಿಗೆ ತಗಲುವುದಿಲ್ಲ. ಹಾಗಾಗಿ ಅನ್ನ ಕೊಡುವ ಭೂಮಿ ಬ್ಯಾಂಕಿನ ಕಣ್ಣಿಗೆ ಭೂಮಿಯೇ ಅಲ್ಲ. “ಸೈಟಿದ್ದರೆ ಹೇಳಿ ಮೇಷ್ಟ್ರೇ” ಎಂದರು. ಅರಕಲಗೂಡಿನಲ್ಲಿ ಕೆಲಸಕ್ಕಿದ್ದಾಗ ಕಂತಿನಲ್ಲಿ ಕೊಂಡು, ಪಾರ್ಥೇನಿಯಂ ಬೆಳೆಯಲು ಬಿಟ್ಟಿದ್ದ ಮೂವತ್ತು ನಲವತ್ತರ ಸೈಟು ನೆನಪಾಯಿತು. ಆ ಸೈಟಿನ ಮೇಲೆ ಬೇರೆ ಸಾಲಸೋಲ ಇಲ್ಲ ಎಂದು ಸಬ್‌ರಿಜಿಸ್ಟ್ರಾರ್ ಕಚೇರಿಯಿಂದ ಇಸಿ ತರಬೇಕಿತ್ತು. ಕನ್ನಡದಲ್ಲಿ ಅದರ ಹೆಸರು ಋಣಭಾರ ಪ್ರಮಾಣಪತ್ರ. ಭಾರ ಇದ್ದರೆ ನಮೂನೆ 15, ಇಲ್ಲದಿದ್ದರೆ ನಮೂನೆ 16. ನನಗೆ ಸಿಕ್ಕಿದ್ದು 16. ಯಾವ ಋಣವೂ ಇಲ್ಲ ಎಂದು ಸರ್ಕಾರವೇ ಮೊಹರು ಒತ್ತಿಕೊಟ್ಟಾಗ ಅರ್ಧ ಸನ್ಯಾಸಿಯಾದಂತೆ ಹಗುರವೆನಿಸಿತು.

ಆ ಹಗುರ ಹಾಸನದ ವೀಸಾ ಸಲಹೆಗಾರರ ಕಚೇರಿಯ ಮೆಟ್ಟಿಲು ಹತ್ತುವವರೆಗೆ ಮಾತ್ರ. ಅಲ್ಲಿನ ಟೈ ಕಟ್ಟಿದ ಹುಡುಗ ಹೇಳಿದ: “ಸಾರ್, ಅಮೆರಿಕದಲ್ಲಿ 1952ರ ಕಾನೂನು ಒಂದಿದೆ. 214(ಬಿ). ವೀಸಾ ಕೇಳಿ ಬಂದವರೆಲ್ಲ ಅಲ್ಲೇ ಠಿಕಾಣಿ ಹೂಡೋಕೆ ಬಂದೋರು ಅಂತಲೇ ಅದು ಮೊದಲು ಅಂದ್ಕೊಳ್ಳುತ್ತೆ. ಅಲ್ಲ ಅಂತ ನಾವೇ ತೋರಿಸ್ಬೇಕು. ಊರಿನ ಜೊತೆ ಏನು ಬಂಧ ಇದೆ, ಪ್ರೂವ್ ಮಾಡಿ.”

ರಾತ್ರಿ ಇದನ್ನು ಅಮ್ಮನಿಗೆ ತಿಳಿಸಿ ಹೇಳುವಾಗ ಬಂಧ ಎಂದರೆ ಅರ್ಥವಾಗಲಿಲ್ಲ. “ಊರಿನ ಋಣ ಇದೆಯಾ ಅಂತ ಕೇಳ್ತಾರಮ್ಮ” ಎಂದೆ.

“ಋಣಾನ ಕಾಗದದಲ್ಲಿ ತೋರ್ಸಕ್ಕಾಗುತ್ತೇನೋ?”

ನಾನು ಸುಮ್ಮನಾದೆ. ಬ್ಯಾಂಕು ಋಣ ಇಲ್ಲವೆಂದು ತೋರಿಸು ಅನ್ನುತ್ತದೆ, ಕಾನ್ಸುಲೇಟು ಋಣ ಇದೆಯೆಂದು ತೋರಿಸು ಅನ್ನುತ್ತದೆ. ಎರಡೂ ಕಾಗದ ಒಂದೇ ಫೈಲಿನಲ್ಲಿರಬೇಕು. ಅಮ್ಮನೇ ದಾರಿ ಹೇಳಿದರು: “ಷಷ್ಠಿ ತೇರಿಗೆ ಬಂದೇ ಬರ್ತಾಳೆ ಅಂತ ಬರಿ. ಸುಬ್ರಹ್ಮಣ್ಯನ ತೇರು ಬಿಟ್ಟು ಯಾರಾದ್ರೂ ಇರ್ತಾರಾ?” ಪಕ್ಕದ ಮನೆಯವರು ಹೈದರಾಬಾದಿನ ಹತ್ತಿರದ ಚಿಲ್ಕೂರು ಬಾಲಾಜಿಗೆ ಹೋಗಿಬನ್ನಿ, ಮೊದಲು 11 ಸುತ್ತು, ವೀಸಾ ಬಂದ ಮೇಲೆ 108 ಸುತ್ತು ಎಂದರು. ಅಮ್ಮನಿಗೆ ಸಿಟ್ಟು ಬಂತು. ಬಾಗಿಲ ಮುಂದೆ ಸುಬ್ರಹ್ಮಣ್ಯ ಇರುವಾಗ ಪರರಾಜ್ಯದ ದೇವರಿಗೆ ಅರ್ಜಿ ಹಾಕುವುದು ಅವಮಾನವಲ್ಲವೇ? ಬೆಳ್ಳಿಯ ನಾಗರಹೆಡೆ ಹರಕೆ ಹೊತ್ತು ಮಾತು ಮುಗಿಸಿದರು.

ಅಮೆರಿಕದ ಆ ಕಾನೂನನ್ನು ನೆನೆದು ಮರುದಿನ ಹೊಲದ ಬದುವಿನಲ್ಲಿ ನಿಂತಾಗ ನಗು ಬಂತು. ಮುಂದೆ ಹೊಗೆಸೊಪ್ಪು, ಪಕ್ಕದವರ ಹೊಲದಲ್ಲಿ ಆಲೂಗಡ್ಡೆ, ಅದರಾಚೆ ಮುಸುಕಿನ ಜೋಳ, ಮನೆಯ ಹಿತ್ತಿಲಲ್ಲಿ ಮೆಣಸಿನಗಿಡ. ನಾಲ್ಕೂ ಮೂಲತಃ ಅಮೆರಿಕ ಖಂಡದವು. ಹಡಗು ಹತ್ತಿ ಬಂದವು, ಹಿಂದಿರುಗುವ ಮಾತೆತ್ತದೆ ಹಾಸನ ಜಿಲ್ಲೆಯಲ್ಲಿ ಠಿಕಾಣಿ ಹೂಡಿದವು. ನಾವು ಯಾರೂ ಆಲೂಗಡ್ಡೆಯನ್ನು ನಿಲ್ಲಿಸಿ, ನಿನ್ನ ಊರಿನ ಋಣ ತೋರಿಸು ಎಂದು ಕೇಳಲಿಲ್ಲ. ಮೆಣಸಿನಕಾಯಿಯನ್ನಂತೂ ಉಪ್ಪಿನಕಾಯಿ ಭರಣಿಗೆ ಸೇರಿಸಿ ಮನೆಮಗಳು ಮಾಡಿಕೊಂಡೆವು.

ಸಂದರ್ಶನ ಚೆನ್ನೈಯಲ್ಲಿ. ಬೆಂಗಳೂರಿನಲ್ಲೂ 2025ರ ಜನವರಿ 17ರಂದು ಅಮೆರಿಕದ ಕಾನ್ಸುಲೇಟ್ ಉದ್ಘಾಟನೆಯಾಗಿತ್ತು. ಅಲ್ಲಿ ಇನ್ನೂ ಶುರುವಾಗದೇ ಇದ್ದದ್ದು ವೀಸಾ ಕೊಡುವುದೊಂದೇ. ನಾವು ಬಸ್ಸು ಹತ್ತಿ ಬೆಂಗಳೂರು, ರೈಲು ಹತ್ತಿ ಚೆನ್ನೈ ಸೇರಿದೆವು. ಮೊದಲ ದಿನ ಬೆರಳಚ್ಚು. ನಮ್ಮ ಅಜ್ಜಿ ಹೆಬ್ಬೆಟ್ಟು ಒತ್ತುತ್ತಿದ್ದರು. ಆ ಹಣೆಬರಹ ತಪ್ಪಲಿ ಎಂದು ಅಮ್ಮನಿಗೆ ನಾಲ್ಕನೆಯ ಕ್ಲಾಸು, ನನಗೆ ಬಿ.ಎಡ್., ಮಗಳಿಗೆ ಬಿ.ಇ. ಮೂರು ತಲೆಮಾರು ಅಕ್ಷರ ಕಲಿತ ಫಲವಾಗಿ ಮಗಳು ಈಗ ಹತ್ತೂ ಬೆರಳು ಒತ್ತಿ ಬಂದಳು.

ಮರುದಿನ ಜೆಮಿನಿ ಮೇಲ್ಸೇತುವೆಯ ಬಳಿಯ ಕಾನ್ಸುಲೇಟಿನ ಎದುರು, ಅವಳ ಮೊಬೈಲನ್ನು ಮಡಿಲಲ್ಲಿ ಇಟ್ಟುಕೊಂಡು ಫುಟ್‌ಪಾತಿನಲ್ಲಿ ಕಾದೆ. ನನ್ನ ಹಾಗೆ ಇನ್ನೂ ಐವತ್ತು ಅಪ್ಪಂದಿರಿದ್ದರು. ತೆಲುಗು, ತಮಿಳು, ಮಲಯಾಳ; ಭಾಷೆ ಬೇರೆ, ಮಡಿಲಲ್ಲಿ ಇದ್ದದ್ದು ಒಂದೇ. ಬಾಯಾರಿ ಹೋಟೆಲಿನಲ್ಲಿ ನೀರು ಕೇಳಿ ಕುಡಿದೆ. ಆಗ ಹೊಳೆಯಿತು: ವೀರಾಣಂ ಕೆರೆಯಿಂದ ಕೊಳವೆಯಲ್ಲಿ ಈ ಪಟ್ಟಣಕ್ಕೆ ಬರುವುದೂ ಕಾವೇರಿಯೇ. ನಮ್ಮ ಮೀನುಗಳ ಬೆನ್ನು ಸವರಿದ ನೀರಿಗೂ ಗಡಿ ದಾಟುವುದು ಸುಲಭವಿರಲಿಲ್ಲ. 1990ರಲ್ಲಿ ನ್ಯಾಯಮಂಡಳಿ, 2007ರಲ್ಲಿ ತೀರ್ಪು, 2018ರಲ್ಲಿ ಸುಪ್ರೀಂ ಕೋರ್ಟು, ವರ್ಷಕ್ಕೆ 177.25 ಟಿಎಂಸಿ ಎಂದು ಬರೆದುಕೊಟ್ಟರು. ಅಷ್ಟು ಕಾಗದ ಹೊಳೆಯ ಹಿಂದೆಯೇ ಇರುವಾಗ, ಮಗಳ ಹಿಂದೆ ಮೂರು ಕೆಜಿಯ ರೆಕ್ಸಿನ್ ಫೈಲು ದೊಡ್ಡದಲ್ಲ ಎಂದು ಸಮಾಧಾನ ಮಾಡಿಕೊಂಡೆ.

ಆ ಮೂರು ಕೆಜಿಯಲ್ಲಿ ಅಧಿಕಾರಿ ಒಂದು ಹಾಳೆಯನ್ನೂ ನೋಡಲಿಲ್ಲವಂತೆ. ಪಹಣಿ, ಲೆಕ್ಕಪರಿಶೋಧಕರು ಗುಂಟೆಯನ್ನು ಡಾಲರಿಗೆ ತಿರುಗಿಸಿಕೊಟ್ಟ ಪತ್ರ, ನಮೂನೆ 16, ಎಲ್ಲ ಹೋದ ಮಡಿಕೆಯಲ್ಲೇ ವಾಪಸು ಬಂದವು. ಗಾಜಿನ ಕಿಟಕಿಯ ಮುಂದೆ ಅವಳು ನಿಂತದ್ದು ಎರಡು ನಿಮಿಷ. ಯಾವ ಕಾಲೇಜು, ಏನು ಓದುತ್ತೀಯ, ದುಡ್ಡು ಯಾರು ಕೊಡುತ್ತಾರೆ? ಮೂರನೆಯದಕ್ಕೆ ಉತ್ತರ ಎಲ್ಲರಿಗೂ ಗೊತ್ತು: ಎನ್. ಆಮೇಲೆ ಅವನು ಪಾಸ್‌ಪೋರ್ಟನ್ನು ಕಣ್ಣಿನ ಹತ್ತಿರ ಹಿಡಿದು ಅಕ್ಷರ ಕೂಡಿಸಿ ಓದಿದ.

“ರಾಮ... ನಾಥ... ಪುರ. ಇದು ನಿನ್ನ ಹೆಸರೋ, ಊರೋ?”

“ಎರಡೂ” ಎಂದಳಂತೆ.

“ಏನಿದೆ ಆ ಊರಲ್ಲಿ?”

ಸಲಹೆಗಾರರು ಎರಡು ಸಾವಿರ ರೂಪಾಯಿಗೆ ಬಾಯಿಪಾಠ ಮಾಡಿಸಿದ್ದ ಉತ್ತರ ಆ ಗಳಿಗೆಯಲ್ಲಿ ಮರೆತೇ ಹೋಯಿತು. ಬಾಯಿಗೆ ಬಂದದ್ದು, “ಯಾರೂ ಹಿಡಿಯಬಾರದ ಮೀನುಗಳಿವೆ” ಎಂಬ ಮಾತು. ಅವನು ನಕ್ಕು ಪಾಸ್‌ಪೋರ್ಟನ್ನು ತನ್ನ ಬಳಿಯೇ ಇಟ್ಟುಕೊಂಡ. ಪಾಸ್‌ಪೋರ್ಟು ಒಳಗೇ ಉಳಿದರೆ ವೀಸಾ ಸಿಕ್ಕಿತೆಂದು ಲೆಕ್ಕ.

ಆಗಸ್ಟಿನಲ್ಲಿ ರಾಮನಾಥಪುರ ವಿಮಾನ ಹತ್ತಿತು. ಅಲ್ಲಿನ ಪ್ರೊಫೆಸರಿಗೆ ಆರು ಅಕ್ಷರದ ಹೆಸರು ಹೊರಳದೆ ‘ರಾಮ’ ಎಂದು ಕರೆಯುತ್ತಾರಂತೆ. “ದಿನಾ ರಾಮ ರಾಮ ಅಂತಾರಾ? ಕೂತಲ್ಲೇ ಪುಣ್ಯ ಬಂತು ಆ ಮನುಷ್ಯನಿಗೆ” ಎಂದರು ಅಮ್ಮ. ಷಷ್ಠಿ ತೇರಿಗೆ ಅವಳು ಬರಲಾಗಲಿಲ್ಲ, ಪರೀಕ್ಷೆಯಿತ್ತು. ಅಮ್ಮ ನನ್ನ ಕೈಯಿಂದ ಮೊಬೈಲು ಕಿತ್ತುಕೊಂಡು, ವಿಡಿಯೋ ಕಾಲಿನಲ್ಲಿ ತೇರನ್ನು ತೋರಿಸುತ್ತೇನೆಂದು ಹೊರಟು, ಕ್ಯಾಮೆರಾ ತಿರುಗಿಸಲು ಬಾರದೆ ಪೂರ್ತಿ ಅರ್ಧ ಗಂಟೆ ತಮ್ಮ ಮುಖವನ್ನೇ ತೋರಿಸಿದರು. ಮಗಳು ತೇರು ಕಾಣಲಿಲ್ಲ ಅನ್ನಲಿಲ್ಲ.

ಮೊನ್ನೆ ಬೇರೇನೋ ಕೆಲಸಕ್ಕೆ ಅರಕಲಗೂಡಿಗೆ ಹೋದವನು ಸೈಟಿನ ಇಸಿ ಮತ್ತೊಮ್ಮೆ ತೆಗೆಸಿದೆ. ಈ ಸಲ ಬಂದದ್ದು ನಮೂನೆ 15. ಬ್ಯಾಂಕಿನ ಹೆಸರು, ಸಾಲದ ಮೊತ್ತ, ತಾರೀಖು ಎಲ್ಲ ನಮೂದಾಗಿತ್ತು. ಮನೆಗೆ ಬಂದು ಅಮ್ಮನ ಮುಂದೆ ಹಿಡಿದೆ.

“ಕಾಗದದಲ್ಲಿ ತೋರ್ಸಕ್ಕಾಗುತ್ತಾ ಅಂತಿದ್ಯಲ್ಲಮ್ಮ, ನೋಡು. ನಿನ್ನ ಮೊಮ್ಮಗಳಿಗೆ ಊರಿನ ಋಣ ಇದೆ. ಮೊಹರೂ ಬಿದ್ದಿದೆ.”

ನಾಲ್ಕನೆಯ ಕ್ಲಾಸಿನ ಅಮ್ಮ ಕನ್ನಡಕ ಏರಿಸಿ, ಮೇಲಿನ ದಪ್ಪಕ್ಷರದ ಮೇಲೆ ಬೆರಳಿಟ್ಟು ಒಂದೊಂದಾಗಿ ಕೂಡಿಸಿ ಓದಿದರು. ಆಮೇಲೆ ಕಾಗದವನ್ನು ಮಡಿಸಿ, ದೇವರ ಮನೆಯಲ್ಲಿ, ಹರಕೆಯ ಬೆಳ್ಳಿ ಹೆಡೆಯ ರಸೀದಿ ಇದ್ದ ಡಬ್ಬಿಯೊಳಗೆ ಇಟ್ಟರು.

“ಇರ್ಲಿ ಬಿಡು. ತೀರ್ಸಕ್ಕಾದ್ರೂ ಬರ್ತಾಳೆ.”