ಭ್ರಮರ ವಂಶದ ಇತಿಹಾಸ: ಒಂದು ಶಾಸನಾಧಾರಿತ ವಿವೇಚನೆ

ಅಮೆರಿಕದ ಟೆಕ್ಸಾಸ್ ಸೀಮೆಯ ಆಸ್ಟಿನ್ ಪಟ್ಟಣವನ್ನು ನೆಲೆವೀಡಾಗಿ ಮಾಡಿಕೊಂಡು 2014ರಿಂದ ಆಳುತ್ತಿರುವ ಬಂಬಲ್ ಎಂಬ ಡೇಟಿಂಗ್ ಆ್ಯಪ್ ಮನೆತನವನ್ನು ಪ್ರಸ್ತುತ ಪ್ರಬಂಧದಲ್ಲಿ ಭ್ರಮರ ವಂಶವೆಂದು ಕರೆಯಲಾಗಿದೆ. ಲಾಂಛನ: ಹಳದಿ ಜೇನುಗೂಡು. ಪ್ರಜೆಗಳು: ಮದುವೆ, ಸ್ನೇಹ ಅಥವಾ ಇವೆರಡೂ ಅಲ್ಲದ ಇನ್ನೇನನ್ನೋ ಬಯಸಿ ರಾತ್ರಿ ಹನ್ನೊಂದರ ಮೇಲೆ ಮೊಬೈಲ್ ಹಿಡಿದು ಮಲಗಿರುವವರು. ರಾಜಾದಾಯದ ಮೂಲ: ಮೇಲ್ಕಂಡವರ ಬಯಕೆ ಈಡೇರದಿರುವುದು. ಜೋಡಿ ಸಿಕ್ಕ ಮರುದಿನವೇ ಪ್ರಜೆ ಗಂಟುಮೂಟೆ ಕಟ್ಟುವ ಇಂಥ ರಾಜ್ಯಕ್ಕೆ ಕೌಟಿಲ್ಯನಲ್ಲೂ ಸೂತ್ರವಿಲ್ಲ.

ಸಾಮಾನ್ಯವಾಗಿ ವಂಶಾವಳಿಗಳು ಮೂಲಪುರುಷನಿಂದ ತೊಡಗುತ್ತವೆ. ಇಲ್ಲಿರುವುದು ಮೂಲಸ್ತ್ರೀ, ವಿಟ್ನಿ ವುಲ್ಫ್. ಆಕೆಯ ಪೂರ್ವಾಶ್ರಮ ಟಿಂಡರ್ ಎಂಬ ಇನ್ನೊಂದು ಡೇಟಿಂಗ್ ಆ್ಯಪಿನ ಆಸ್ಥಾನದಲ್ಲಿ ಕಳೆಯಿತು. 2012ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಹುಟ್ಟಿದ ಆ ರಾಜ್ಯದ ದಿಗ್ವಿಜಯ ತಂತ್ರವನ್ನು ಯುದ್ಧಶಾಸ್ತ್ರದ ವಿದ್ಯಾರ್ಥಿಗಳು ಗಮನಿಸಬೇಕು. ಆಕೆ ಮೊದಲು ಕಾಲೇಜು ವಿದ್ಯಾರ್ಥಿನಿಯರ ಸಂಘದ ಮನೆಗಳಿಗೆ ಹೋಗಿ ಎಲ್ಲರ ಫೋನಿನಲ್ಲೂ ಆ್ಯಪ್ ಹಾಕಿಸುತ್ತಿದ್ದಳು. ಬಳಿಕ ಹುಡುಗರ ಸಂಘದ ಮನೆಗೆ. ಅವರು ಆ್ಯಪ್ ತೆರೆದರೆ ಪರಿಚಯದ ಮುಖಗಳೇ ಸಾಲಾಗಿ ಬರುತ್ತಿದ್ದವು. ಒಂದು ಹನಿ ರಕ್ತ ಚೆಲ್ಲದೆ ಕೋಟೆ ವಶ.

ಬೆರಳಿನಿಂದ ಮುಖವನ್ನು ಬಲಕ್ಕೆ ಸವರಿದರೆ ಸಮ್ಮತಿ, ಎಡಕ್ಕೆ ಸವರಿದರೆ ನಿರಾಕರಣೆ ಎಂಬ ಮಹಾಸೂತ್ರವನ್ನು ಕಂಡವನು ಟಿಂಡರ್‌ನ ಜೊನಾಥನ್ ಬಡೀನ್. ಸ್ನಾನ ಮುಗಿಸಿ, ಆವಿ ಹಿಡಿದ ಕನ್ನಡಿಯನ್ನು ಕೈಯಿಂದ ಒರೆಸುವಾಗ ಅದು ಹೊಳೆಯಿತೆಂದು ಅವನೇ ಹೇಳಿದ್ದಾನೆ. ಆ ಕನ್ನಡಿಯನ್ನು ಸಂರಕ್ಷಿತ ಸ್ಮಾರಕವೆಂದು ಘೋಷಿಸದಿರುವುದು ಅಲ್ಲಿನ ಪುರಾತತ್ವ ಇಲಾಖೆಯ ಲೋಪ.

2014ರಲ್ಲಿ ವುಲ್ಫ್ ಆಸ್ಥಾನ ತೊರೆದು, ಲೈಂಗಿಕ ಕಿರುಕುಳದ ಆರೋಪ ಹೊರಿಸಿ, ಮೊಕದ್ದಮೆ ಹೂಡಿದಳು. ತಪ್ಪೊಪ್ಪಿಗೆ ಯಾವುದೂ ಇಲ್ಲದೆ ಅದು ರಾಜಿಯಲ್ಲಿ ಮುಗಿಯಿತು. ಗಡೀಪಾರಾದ ರಾಜಕುವರಿಗೆ ಪರದೇಶದ ದೊರೆ ಸೈನ್ಯ ಕೊಡುವುದು ಇತಿಹಾಸದಲ್ಲಿ ಹೊಸದೇನಲ್ಲ. ಇಲ್ಲಿ ಆ ದೊರೆ ಲಂಡನ್ನಿನಲ್ಲಿ ನೆಲೆಸಿದ ರಷ್ಯನ್ ಮೂಲದ ಆಂಡ್ರೇ ಆಂಡ್ರೀವ್, 2006ರಲ್ಲಿ ಬಡೂ ಎಂಬ ಡೇಟಿಂಗ್ ಸಂಸ್ಥಾನವನ್ನು ಕಟ್ಟಿದವನು. ಹೆಣ್ಣಿನ ಆಳ್ವಿಕೆಯ ಹೊಸ ಭ್ರಮರ ರಾಜ್ಯದಲ್ಲಿ ಶೇ 79 ಪಾಲನ್ನು ಅವನೇ ಇಟ್ಟುಕೊಂಡ. 2019ರಲ್ಲಿ ಬಡೂ ಕಚೇರಿಯಲ್ಲಿ ಹೆಣ್ಣುಮಕ್ಕಳನ್ನು ಹೇಗೆ ಕಾಣಲಾಗುತ್ತಿತ್ತೆಂಬ ಬಗ್ಗೆ ಮಾಜಿ ನೌಕರರ ದೂರುಗಳನ್ನು ಫೋರ್ಬ್ಸ್ ಪತ್ರಿಕೆ ಪ್ರಕಟಿಸಿತು. ಅದೇ ವರ್ಷದ ನವೆಂಬರಿನಲ್ಲಿ ಅವನು ತನ್ನ ಪಾಲನ್ನು ಬ್ಲ್ಯಾಕ್‌ಸ್ಟೋನ್ ಎಂಬ ಧನಿಕರಿಗೆ ಮಾರಿ ಚರಿತ್ರೆಯಿಂದ ನಿರ್ಗಮಿಸಿದ.

ವಂಶದ ಮೂಲಶಾಸನ ಒಂದೇ ಸಾಲಿನದು: ಜೋಡಿ ಕೂಡಿದ ಮೇಲೆ ಹೆಣ್ಣೇ ಮೊದಲು ಮಾತಾಡತಕ್ಕದ್ದು, ಅದೂ 24 ಗಂಟೆಯೊಳಗೆ, ತಪ್ಪಿದರೆ ಜೋಡಿ ರದ್ದು. ಇದನ್ನು ಸ್ವಯಂವರದ ಪುನರುಜ್ಜೀವನವೆಂದು ಕೆಲವರು ಭಾವಿಸಬಹುದು. ಅದು ಅವಸರದ ತೀರ್ಮಾನ. ಸ್ವಯಂವರದಲ್ಲಿ ರಾಜಕುವರಿ ಬಾಯಿ ಬಿಡಬೇಕಾಗಿರಲಿಲ್ಲ, ಮಾಲೆ ಹಾಕಿದರಾಯಿತು. ಇಲ್ಲಿ ಮಾಲೆ ಹಾಕುವುದು ಸುಲಭ, ಆಮೇಲೆ ಏನು ಬರೆಯಬೇಕೆಂಬುದೇ ಕಷ್ಟ. ಆದ್ದರಿಂದ ಈ ಕಾಲದ ವಾಙ್ಮಯದಲ್ಲಿ ‘ಹಾಯ್’ ಎಂಬ ಏಕಪದ ಕಾವ್ಯ ಅಪಾರವಾಗಿ ಬೆಳೆಯಿತು.

2018ರ ಡಿಸೆಂಬರಿನಲ್ಲಿ ಪ್ರಿಯಾಂಕಾ ಚೋಪ್ರಾ ಅವರ ಮುಂದಾಳತ್ವದಲ್ಲಿ ವಂಶ ಭರತಖಂಡಕ್ಕೆ ಕಾಲಿಟ್ಟಿತು. ಇಲ್ಲಿ ಹೆಣ್ಣುಮಕ್ಕಳು ಪೂರ್ತಿ ಹೆಸರಿನ ಬದಲು ಮೊದಲಕ್ಷರ ಮಾತ್ರ ತೋರಿಸಬಹುದೆಂಬ ವಿಶೇಷ ರಿಯಾಯಿತಿ ಕೊಡಲಾಯಿತು. ಏಕೆಂದು ಅಮೆರಿಕದವರಿಗೆ ವಿವರಿಸಬೇಕಾಗಬಹುದು, ನಮ್ಮ ಬಸ್ಸಿನಲ್ಲಿ ಒಂದು ಸಲ ಓಡಾಡಿದವಳಿಗೆ ಬೇಕಿಲ್ಲ. ಮುಂದಿನ ಶಾಸನತಜ್ಞರಿಗೆ ಮಾತ್ರ ಇದು ತಲೆನೋವು. ‘ಎಸ್’ ಎಂಬ ಏಕಾಕ್ಷರಿ ಶಾಸನದಿಂದ ಸುಮಾ, ಸೌಮ್ಯ, ಸಹನಾ ಇವರಲ್ಲಿ ಯಾರ ಕಾಲವನ್ನು ನಿರ್ಣಯಿಸುವುದು?

ಆದರೆ ಈ ಲೇಖಕನ ಪ್ರಕಾರ ಯುಗದ ಮುಖ್ಯ ಘಟನೆ ಪ್ರೇಮವಲ್ಲ, ಹೆಬ್ಬೆರಳಿನ ಯುದ್ಧ. ಟಿಂಡರ್‌ನ ಒಡೆಯ ಮ್ಯಾಚ್ ಗ್ರೂಪಿನ ರಾಜಧಾನಿ ಡಲ್ಲಾಸ್, ಅದೂ ಟೆಕ್ಸಾಸೇ. ಒಂದೇ ಸೀಮೆಯಲ್ಲಿ ಎರಡು ಸಿಂಹಾಸನ ಎಷ್ಟು ದಿನ ನಿಂತಾವು? ಅವರು ಮೊದಲು ಭ್ರಮರ ರಾಜ್ಯವನ್ನು ಕೊಳ್ಳಲು ಹೋದರು, ಆಗಲಿಲ್ಲ. 2018ರ ಮಾರ್ಚಿನಲ್ಲಿ, ಬೆರಳು ಸವರಿ ಜೋಡಿ ಕೂಡಿಸುವ ವಿಧಾನಕ್ಕೆ ತಮ್ಮದೇ ಪೇಟೆಂಟ್ ಇದೆಯೆಂದು ಕೋರ್ಟಿಗೆ ಹೋದರು. ಭ್ರಮರರು 40 ಕೋಟಿ ಡಾಲರ್ ಪರಿಹಾರ ಕೇಳಿ ಪ್ರತಿದಾವೆ ಹಾಕಿದರು. ಎರಡು ವರ್ಷ ವಕೀಲರು ಕೋಟ್ಯಂತರ ಒಂಟಿ ಹೃದಯಗಳ ಪರವಾಗಿ ಹೆಬ್ಬೆರಳಿನ ಚಲನೆಯನ್ನು ಅಳೆದರು, 2020ರಲ್ಲಿ ರಾಜಿಯಾಯಿತು. ಹೆಣ್ಣು, ಹೊನ್ನು, ಮಣ್ಣಿನ ಯುದ್ಧಗಳ ಪಟ್ಟಿಗೆ ನಮ್ಮ ಪಠ್ಯಪುಸ್ತಕಗಳು ಬೆರಳನ್ನು ಸೇರಿಸಿಲ್ಲ.

ಪಟ್ಟಾಭಿಷೇಕ 2021ರ ಫೆಬ್ರುವರಿ 11ರಂದು ನಾಸ್ಡಾಕ್ ಷೇರುಪೇಟೆಯಲ್ಲಿ ನಡೆಯಿತು. 31ರ ಹರೆಯದ ರಾಣಿ, ಕಂಕುಳಲ್ಲಿ ಕೂಸು. 43 ಡಾಲರಿಗೆ ಹೊರಬಿಟ್ಟ ಷೇರು ಸಂಜೆಗೆ 70 ದಾಟಿತು. 2024ರ ಆಗಸ್ಟಿನಲ್ಲಿ ಅದು ಹತ್ತಕ್ಕೂ ಕೆಳಗೆ. ಏರಿಕೆಗೆ ಕಾರಣವಾದ ಮೂಲಶಾಸನವೇ ಇಳಿಕೆಗೂ ಕಾರಣ ಎಂಬುದು ಈ ಪ್ರಬಂಧದ ಪ್ರಮೇಯ. ಮೊದಲು ಮಾತಾಡುವ ಹಕ್ಕು ಹತ್ತು ವರ್ಷದಲ್ಲಿ ಬಿಟ್ಟಿ ಚಾಕರಿಯಾಗಿತ್ತು. ಆಕೆಯಿಂದಲೇ ಮಾತಿನ ದುಡಿಮೆ, ಆತ ಉತ್ತರಿಸಲು ಪುರಸೊತ್ತು ನೋಡುವವನು.

2024ರ ಏಪ್ರಿಲಿನಲ್ಲಿ ಶಾಸನಕ್ಕೆ ತಿದ್ದುಪಡಿಯಾಯಿತು. ಹೆಣ್ಣು ಒಂದು ಪ್ರಶ್ನೆಯನ್ನು ಮೊದಲೇ ಬರೆದಿಟ್ಟರೆ ಸಾಕು, ಗಂಡು ಉತ್ತರಿಸಿ ಮಾತು ಶುರುಮಾಡಬಹುದು. ಮರುತಿಂಗಳೇ, ಬ್ರಹ್ಮಚರ್ಯ ವ್ರತ ಪರಿಹಾರವಲ್ಲ ಎಂದು ಸಾರುವ ಜಾಹೀರಾತು ಫಲಕಗಳನ್ನು ನೆಡಿಸಿದರು. ವ್ರತಸ್ಥರು ಕೆರಳಿದರು, ವಂಶ ಕ್ಷಮೆ ಕೇಳಿ ಫಲಕಗಳನ್ನು ಇಳಿಸಿತು. ಅಷ್ಟು ಹೊತ್ತಿಗೆ ರಾಣಿ ಪಟ್ಟ ಬಿಟ್ಟುಕೊಟ್ಟಾಗಿತ್ತು. 2025ರ ಮಾರ್ಚಿನಲ್ಲಿ ಆಕೆಯೇ ಮರಳಿ ಬಂದಳು, ಜೂನಿನಲ್ಲಿ ನೌಕರರಲ್ಲಿ ಶೇ 30 ಮಂದಿಗೆ, ಅಂದರೆ ಸುಮಾರು 240 ಜನರಿಗೆ, ಮನೆಗೆ ಹೋಗಲು ಹೇಳಲಾಯಿತು. ಅವರಿಗೆ ಎಡಕ್ಕೆ ಸವರುವುದೆಂದರೇನೆಂದು ಯಾರೂ ವಿವರಿಸಬೇಕಾಗಿರಲಿಲ್ಲ.