ಆತ್ಮಗಳಿಗೂ ಪಂಕ್ತಿಭೇದ

ಬದುಕಿದ್ದವರಿಗೆ ಪಂಕ್ತಿಭೇದ ಹೊಸದಲ್ಲ. ಸತ್ತ ಮೇಲೂ ಅದು ತಪ್ಪದಂತೆ ನೋಡಿಕೊಂಡ ಕೀರ್ತಿ ಬ್ರೆಜಿಲ್‌ನ ಸುಶಿಕ್ಷಿತರದು.

ಫ್ರಾನ್ಸಿನ ಅಲನ್ ಕಾರ್ಡೆಕ್ 1857ರಲ್ಲಿ ಆತ್ಮಗಳ ಬಗ್ಗೆ ಪುಸ್ತಕ ಬರೆದ. ಅದನ್ನೋದಿದ ಬ್ರೆಜಿಲ್‌ನ ದೊಡ್ಡವರು ಮೇಜಿನ ಸುತ್ತ ಕೂತು ಸತ್ತವರನ್ನು ಕರೆಯತೊಡಗಿದರು. ಬರುವ ಆತ್ಮ ಯುರೋಪಿನದಾದರೆ ಮರ್ಯಾದೆ, ಡಾಕ್ಟರದ್ದಾದರೆ ಇನ್ನೂ ಮರ್ಯಾದೆ. ಭಕ್ತರು ಹೇಳುವ ಕಥೆ ಹೀಗಿದೆ: 1908ರ ನವೆಂಬರ್ 15ರಂದು ನಿತೆರೋಯ್ ಊರಿನ ಇಂಥದೊಂದು ಮೇಜಿಗೆ 17 ವರ್ಷದ ಜೆಲಿಯೊ ದಿ ಮೊರಾಯಿಸ್ ಬಂದ. ಅವತ್ತು ಅಲ್ಲಿಗೆ ಕಪ್ಪು ಗುಲಾಮರ, ಕಾಡಿನ ಮೂಲನಿವಾಸಿಗಳ ಆತ್ಮಗಳೂ ಬಂದುಬಿಟ್ಟವು. ಹಿಂದುಳಿದ ಆತ್ಮಗಳಿಗೆ ಇಲ್ಲಿ ಜಾಗವಿಲ್ಲವೆಂದರು ಯಜಮಾನರು. ಹುಡುಗನ ಮೈಮೇಲೆ ಬಂದಿದ್ದ 'ಏಳು ಕೂಡುದಾರಿಗಳ ಕಬೊಕ್ಲೊ' ಎಂಬ ಆತ್ಮ ಬಗ್ಗಲಿಲ್ಲ. ಹಾಗಾದರೆ ನಾಳೆಯಿಂದ ಇವನ ಮನೆಯಲ್ಲೇ ನಮ್ಮ ಪೂಜೆ ಎಂದಿತು. ಮಾರನೇ ದಿನ ಉಂಬಾಂಡಾ ಧರ್ಮ ಶುರುವಾಯಿತು. ಗುಲಾಮಗಿರಿ ರದ್ದಾಗಿ ಆಗಷ್ಟೇ 20 ವರ್ಷ.

ಈ ಧರ್ಮದಲ್ಲಿ ದೇವರು ಒಬ್ಬನೇ, ಪುನರ್ಜನ್ಮ ಉಂಟು, ಆಫ್ರಿಕಾದ ದೇವತೆ ಒಗುನ್ ರಿಯೊದಲ್ಲಿ ಸಂತ ಜಾರ್ಜ್. ಆದರೆ ನೋಡಬೇಕಾದದ್ದು 'ಪ್ರೆತೊ ವೆಲ್ಯೊ'ವನ್ನು, ಅಂದರೆ ಮುದಿ ಗುಲಾಮನ ಆತ್ಮವನ್ನು. ಅದು ಬಂದಾಗ ಬಿಳಿಬಟ್ಟೆಯ ಪಾತ್ರಿ ಬೆನ್ನು ಬಗ್ಗಿಸಿ ಕುಳ್ಳ ಮಣೆಯ ಮೇಲೆ ಕೂರುತ್ತಾನೆ, ಪೈಪಿನ ಹೊಗೆ ಬಿಡುತ್ತ ಎದುರಿನವರ ಕೆಲಸ, ಕಾಯಿಲೆ, ಸಂಸಾರದ ಗೋಳೆಲ್ಲ ಕೇಳುತ್ತಾನೆ. ಚಾಟಿ ಬೀಸಿದವರ ಮೊಮ್ಮಕ್ಕಳೂ 'ಅಜ್ಜಾ' ಎಂದು ಆಶೀರ್ವಾದ ಬೇಡಬೇಕು. ದಾನವೇ ಧರ್ಮ, ಹಾಗಾಗಿ ದಕ್ಷಿಣೆ ಮುಟ್ಟಬಾರದೆಂಬುದು ನಿಯಮ. (ನಮ್ಮ ಜ್ಯೋತಿಷಿಗಳು ಈ ಸಾಲು ಬಿಟ್ಟು ಓದಿಕೊಳ್ಳಲಿ.)

ಪೊಲೀಸರ ಭಕ್ತಿ ಬೇರೆ ಥರ. ಆಫ್ರಿಕಾ ಮೂಲದ ಪೂಜಾಸ್ಥಳಗಳ ಮೇಲೆ ದಾಳಿ ಮಾಡಿ ಡೋಲು, ವಿಗ್ರಹ ಹೊತ್ತೊಯ್ದು 'ಮಾಟ'ದ ಸಂಗ್ರಹವೆಂದು ಹೆಸರಿಟ್ಟರು. ಸರ್ಕಾರ 1938ರಲ್ಲಿ ಆ ಕದ್ದ ಮಾಲನ್ನೇ ರಾಷ್ಟ್ರೀಯ ಪರಂಪರೆಯೆಂದು ದಾಖಲಿಸಿತು. ಪೂಜಿಸಿದರೆ ಅಪರಾಧ, ಪೊಲೀಸರ ಕಪಾಟಿನಲ್ಲಿದ್ದರೆ ಸಂಸ್ಕೃತಿ! ಅವು ಪೊಲೀಸರ ಕೈಬಿಟ್ಟು ಗಣರಾಜ್ಯ ವಸ್ತುಸಂಗ್ರಹಾಲಯ ಸೇರಿದ್ದು 2020ರಲ್ಲಿ.

ಇಷ್ಟಾದ ಮೇಲೆ ಉಂಬಾಂಡಾದ ಮಧ್ಯಮವರ್ಗದ ಮುಖಂಡರಿಗೂ ಆಫ್ರಿಕಾ ಎಂದರೆ ಮುಜುಗರ. 1941ರಲ್ಲಿ ರಿಯೊದಲ್ಲಿ ಸಮ್ಮೇಳನ ಕರೆದು, ನಮ್ಮ ಬೇರು ಮುಳುಗಿಹೋಯಿತೆನ್ನುವ ಲೆಮೂರಿಯಾ ಖಂಡದಲ್ಲಿದೆ, ಭಾರತದಲ್ಲಿದೆ, ಹೆಸರೂ ಸಂಸ್ಕೃತವೇ ಎಂದು ವಾದಿಸಿದರು. ಪುಷ್ಪಕ ವಿಮಾನ ನಮ್ಮದೇ ಆಗಿರುವಾಗ ನಾವೇಕೆ ಬೇಡವೆನ್ನೋಣ? ಹೊರಗೆ ನಿಲ್ಲಿಸಲ್ಪಟ್ಟವರ ಧರ್ಮವೂ ಒಳಗೆ ಬಂದೊಡನೆ ಬಾಗಿಲಿಗೆ ಕೈಹಾಕಿತು.

2011ರಲ್ಲಿ ಜೆಲಿಯೊನ ಮನೆಯನ್ನು ಕೆಡವಿದರು. ಮರುವರ್ಷ ಸರ್ಕಾರ ನವೆಂಬರ್ 15ನ್ನು ರಾಷ್ಟ್ರೀಯ ಉಂಬಾಂಡಾ ದಿನವೆಂದು ಕಾನೂನು ಮಾಡಿತು.